ಗಾಂಧೀಜಿಯ ಹೆಜ್ಜೆಗಳನ್ನು ಕೂಡಿಟ್ಟವರು

ಬೆಳಗಾವಿ ಜಿಲ್ಲೆಯ ಬೈಲಹೊಂಗಲದಲ್ಲಿ ಕಿತ್ತೂರಿನ ರಾಣಿ ಚೆನ್ನಮ್ಮನ ಸಮಾಧಿಯಿದೆ. ಕಿತ್ತೂರಿನಲ್ಲಿ ಆಕೆ ಆಳಿದ ಕೋಟೆಯ ಹಾಳುಗೋಡೆಗಳು ಇಂದಿಗೂ ನಿಂತಿವೆ. ಸವದತ್ತಿಯ ಶಿಲಾಶಾಸನಗಳು ರಟ್ಟ ಅರಸರ ದಾನಧರ್ಮಗಳನ್ನು ಸಾರುತ್ತವೆ. ಒಂದು ಕಾಲಕ್ಕೆ ಸಂಸ್ಥಾನವಾಗಿದ್ದ ರಾಮದುರ್ಗದಲ್ಲಿ 1939ರಲ್ಲಿ ಪ್ರಜೆಗಳು ದೊರೆಯ ಆಡಳಿತದ ವಿರುದ್ಧ ಎದ್ದುನಿಂತುದನ್ನು ಹಿರಿಯರು ಕಿರಿಯರಿಗೆ ಹೇಳುತ್ತ ಬಂದಿದ್ದಾರೆ. ಹೀಗೆ ಕಲ್ಲು, ಸಮಾಧಿ, ಶಾಸನ, ಬಾಯಿಮಾತು ಇವೆಲ್ಲವೂ ಈ ಸೀಮೆಯ ನೆನಪನ್ನು ಕಾಯ್ದುಕೊಂಡು ಬಂದಿವೆ.

ಆದರೆ ಚೆನ್ನಮ್ಮ ಹೇಗೆ ನಡೆಯುತ್ತಿದ್ದಳು, ಕುದುರೆಯನ್ನು ಹೇಗೆ ಏರುತ್ತಿದ್ದಳು, ಸಭೆಯಲ್ಲಿ ಕುಳಿತಾಗ ಆಕೆಯ ಮುಖಭಾವ ಹೇಗಿರುತ್ತಿತ್ತು ಎಂಬುದನ್ನು ಯಾವ ಶಾಸನವೂ ಹೇಳಲಾರದು. 1824ರಲ್ಲಿ ಆಕೆ ಇಂಗ್ಲಿಷರನ್ನು ಎದುರಿಸಿದಾಗ ಛಾಯಾಗ್ರಹಣ ಕಲೆ ಲೋಕದಲ್ಲಿ ಬಳಕೆಗೇ ಬಂದಿರಲಿಲ್ಲ. 1961ರಲ್ಲಿ ಬಿ. ಆರ್. ಪಂತುಲು ಅವರು ನಿರ್ದೇಶಿಸಿದ ಕಿತ್ತೂರು ಚೆನ್ನಮ್ಮ ಚಲನಚಿತ್ರದಲ್ಲಿ ನಾವು ಕಾಣುವುದು ಬಿ. ಸರೋಜಾದೇವಿಯವರ ಅಭಿನಯವನ್ನು, ರಾಣಿಯನ್ನಲ್ಲ. ಹೋದ ಕಾಲದ ಮನುಷ್ಯನನ್ನು ಕಣ್ಣಾರೆ ಕಾಣುವ ಭಾಗ್ಯ ಅಂದಿನ ಜನಕ್ಕೆ ಇರಲಿಲ್ಲ.

ಮುಂದೆ ನೂರು ವರ್ಷ ಕಳೆಯುವಷ್ಟರಲ್ಲಿ ಕಾಲ ಬದಲಾಯಿತು. 1924ರ ಡಿಸೆಂಬರಿನಲ್ಲಿ ಬೆಳಗಾವಿಯಲ್ಲಿ ಕಾಂಗ್ರೆಸ್ ಮಹಾಸಭೆಯ ಅಧಿವೇಶನ ನಡೆಯಿತು. ಮಹಾತ್ಮಾ ಗಾಂಧಿಯವರು ತಮ್ಮ ಜೀವಮಾನದಲ್ಲಿ ಅಧ್ಯಕ್ಷತೆ ವಹಿಸಿದ ಏಕೈಕ ಕಾಂಗ್ರೆಸ್ ಅಧಿವೇಶನ ಅದು. ಆ ವೇಳೆಗೆ ಚಲನಚಿತ್ರದ ಕ್ಯಾಮೆರಾ ಲೋಕದ ಎಲ್ಲ ಕಡೆಗಳಲ್ಲಿಯೂ ಓಡಾಡುತ್ತಿತ್ತು. ಗಾಂಧೀಜಿಯವರು ಹೋದೆಡೆಯಲ್ಲೆಲ್ಲ ಛಾಯಾಗ್ರಾಹಕರು ಅವರನ್ನು ಬೆನ್ನಟ್ಟುತ್ತಿದ್ದರು. ಹಾಗೆ ತೆಗೆದ ಚಿತ್ರಗಳು ಒಂದೆಡೆ ಉಳಿಯಲಿಲ್ಲ. ಕೆಲವು ಮುಂಬಯಿಯಲ್ಲಿ, ಕೆಲವು ಲಂಡನ್ನಿನಲ್ಲಿ, ಕೆಲವು ನ್ಯೂಯಾರ್ಕಿನಲ್ಲಿ, ಹೀಗೆ ಚದುರಿಹೋದುವು. ಆ ಚೂರುಗಳನ್ನು ಹುಡುಕಿ ಆಯ್ದು ಒಂದೆಡೆ ಕೂಡಿಸುವ ಕಾರ್ಯವನ್ನು ಮೈಮೇಲೆ ಹಾಕಿಕೊಂಡವರು ತಮಿಳುನಾಡಿನ ಒಬ್ಬ ತರುಣರು. ಅವರೇ ಎ. ಕೆ. ಚೆಟ್ಟಿಯಾರ್.

ಎ. ಕರುಪ್ಪನ್ ಚೆಟ್ಟಿಯಾರ್ ಎಂಬುದು ಅವರ ಪೂರ್ಣ ಹೆಸರು. ಅವರು ಜನಿಸಿದುದು 1911ರ ನವೆಂಬರ್ ತಿಂಗಳಲ್ಲಿ, ಚೆಟ್ಟಿನಾಡಿನ ಕೋಟ್ಟೈಯೂರಿನಲ್ಲಿ. ಚೆಟ್ಟಿನಾಡಿನ ವರ್ತಕರು ಹಿಂದಿನಿಂದಲೂ ಸಮುದ್ರ ದಾಟಿ ವ್ಯಾಪಾರ ಮಾಡುವವರು. ಬರ್ಮಾ, ಮಲಯಾ, ಸಿಂಹಳ ದೇಶಗಳಲ್ಲಿ ಅವರ ಅಂಗಡಿಗಳಿದ್ದುವು, ಲೇವಾದೇವಿ ವ್ಯವಹಾರಗಳಿದ್ದುವು. ಆದುದರಿಂದ ದೂರದೇಶದ ಪ್ರಯಾಣ ಆ ಕುಲದ ಮಕ್ಕಳಿಗೆ ಹೊಸತಲ್ಲ. ಆದರೆ ಕರುಪ್ಪನ್ ಅವರ ಮನಸ್ಸು ಹಣದ ಲೆಕ್ಕದ ಪುಸ್ತಕದಲ್ಲಿ ನಿಲ್ಲಲಿಲ್ಲ. ಚಿಕ್ಕಂದಿನಿಂದಲೇ ಬರವಣಿಗೆಯಲ್ಲಿ ಅವರಿಗೆ ಆಸಕ್ತಿಯಿತ್ತು. ತಾರುಣ್ಯದಲ್ಲಿಯೇ ಅವರು ಬರ್ಮಾ ದೇಶಕ್ಕೆ ಹೋಗಿ ಅಲ್ಲಿ ತಮಿಳು ಪತ್ರಿಕೆಯೊಂದರ ಸಂಪಾದಕರಾಗಿ ಕೆಲಸ ಮಾಡಿದರು.

ಬರವಣಿಗೆಯ ಜೊತೆಗೆ ಕ್ಯಾಮೆರಾದ ಮೋಹವೂ ಅವರನ್ನು ಹಿಡಿಯಿತು. ಅದನ್ನು ಕ್ರಮವಾಗಿ ಕಲಿಯಬೇಕೆಂದು ಅವರು ಜಪಾನಿನ ಟೋಕಿಯೋ ನಗರಕ್ಕೆ ಹೋದರು. ಅಲ್ಲಿ ಛಾಯಾಗ್ರಹಣವನ್ನು ಅಭ್ಯಾಸ ಮಾಡಿ, ಆ ಬಳಿಕ ಅಮೆರಿಕೆಯ ನ್ಯೂಯಾರ್ಕಿನಲ್ಲಿ ಅದೇ ವಿದ್ಯೆಯಲ್ಲಿ ಇನ್ನಷ್ಟು ಶಿಕ್ಷಣ ಪಡೆದರು. ಇಪ್ಪತ್ತಾರು ವರ್ಷ ತುಂಬುವಷ್ಟರಲ್ಲಿ ಅವರು ಪೂರ್ವ ಪಶ್ಚಿಮಗಳೆರಡನ್ನೂ ಕಂಡಿದ್ದರು. ಕಂಡುದನ್ನು ಸರಳವಾದ ತಮಿಳಿನಲ್ಲಿ ಬರೆದು ಓದುಗರಿಗೆ ಒಪ್ಪಿಸುತ್ತಿದ್ದರು. ಲೋಕ ಸುತ್ತುವ ತಮಿಳಿಗರೆಂಬ ಹೆಸರು ಅವರಿಗೆ ಬಂದುದು ಹೀಗೆ.

1937ರ ಅಕ್ಟೋಬರ್ 2ರಂದು ಅವರು ನ್ಯೂಯಾರ್ಕಿನಿಂದ ಐರ್ಲೆಂಡಿನ ಡಬ್ಲಿನ್ ನಗರದ ಕಡೆಗೆ ಹಡಗಿನಲ್ಲಿ ಪ್ರಯಾಣ ಮಾಡುತ್ತಿದ್ದರು. ಆ ದಿನ ಗಾಂಧೀಜಿಯವರ ಜನ್ಮದಿನ. ಸುತ್ತಲೂ ಅಟ್ಲಾಂಟಿಕ್ ಸಾಗರದ ನೀರು. ತಾಯ್ನಾಡು ಸಾವಿರಾರು ಮೈಲಿ ದೂರ. ಆಗ ಗಾಂಧೀಜಿಯವರ ಜೀವನವನ್ನು ಕುರಿತು ಒಂದು ಸಾಕ್ಷ್ಯಚಿತ್ರವನ್ನು ಏಕೆ ತಯಾರಿಸಬಾರದು ಎಂಬ ವಿಚಾರ ಅವರ ಮನಸ್ಸಿನಲ್ಲಿ ಮೂಡಿತು. ನಟರನ್ನು ಕೂಡಿಸಿ ಗಾಂಧೀಜಿಯ ಕಥೆಯನ್ನು ಆಡಿಸುವುದು ಅವರ ಉದ್ದೇಶವಾಗಿರಲಿಲ್ಲ. ಗಾಂಧೀಜಿಯವರು ನಿಜವಾಗಿ ನಡೆದುದು, ನುಡಿದುದು, ನೂತುದು, ನಕ್ಕುದು ಯಾವ ಯಾವ ಫಿಲ್ಮಿನಲ್ಲಿ ಅಚ್ಚಾಗಿದೆಯೋ ಅದನ್ನೆಲ್ಲ ಹುಡುಕಿ ತಂದು ಪೋಣಿಸಬೇಕೆಂಬುದು ಅವರ ಸಂಕಲ್ಪ. ಆಗ ಅವರಿಗೆ ಇಪ್ಪತ್ತಾರು ವರ್ಷವೂ ತುಂಬಿರಲಿಲ್ಲ.

ಈ ಕಾರ್ಯದ ಕಷ್ಟವನ್ನು ತಿಳಿಯಬೇಕಾದರೆ ಅಂದಿನ ಚಲನಚಿತ್ರದ ಸ್ವರೂಪವನ್ನು ಸ್ವಲ್ಪ ಅರಿಯಬೇಕು. ಚಲನಚಿತ್ರವೆಂಬುದು ಉದ್ದವಾದ ಪಟ್ಟಿಯ ಮೇಲೆ ಒಂದರ ಕೆಳಗೊಂದರಂತೆ ಅಚ್ಚಾದ ಸ್ಥಿರಚಿತ್ರಗಳ ಸಾಲು. ಚಿತ್ರಮಂದಿರಗಳಲ್ಲಿ ಬಳಸುತ್ತಿದ್ದ ಫಿಲ್ಮಿನ ಒಂದು ಅಡಿಯಲ್ಲಿ ಇಂಥ 16 ಚಿತ್ರಗಳಿರುತ್ತವೆ. ಮೂಕಿಚಿತ್ರಗಳ ಕಾಲದಲ್ಲಿ ಛಾಯಾಗ್ರಾಹಕನು ಕ್ಯಾಮೆರಾದ ಹಿಡಿಯನ್ನು ಕೈಯಿಂದ ತಿರುಗಿಸುತ್ತಿದ್ದನು. ಸೆಕೆಂಡಿಗೆ ಸುಮಾರು 16 ಚಿತ್ರಗಳು ಅಚ್ಚಾಗುತ್ತಿದ್ದುವು. ವಾಕ್ಚಿತ್ರ ಬಂದ ಮೇಲೆ ಆ ವೇಗ ಸೆಕೆಂಡಿಗೆ 24 ಚಿತ್ರಗಳಷ್ಟಾಯಿತು. ಹಳೆಯ ಫಿಲ್ಮನ್ನು ಹೊಸ ಯಂತ್ರದಲ್ಲಿ ಓಡಿಸಿದರೆ ಅದರಲ್ಲಿನ ಜನರು ಅವಸರದಿಂದ ಓಡುವಂತೆ ಕಾಣುವುದಕ್ಕೆ ಇದೇ ಕಾರಣ. ಬೇರೆ ಬೇರೆ ಕಾಲದ, ಬೇರೆ ಬೇರೆ ವೇಗದ ಚೂರುಗಳನ್ನು ಒಂದೇ ಚಿತ್ರದಲ್ಲಿ ಹೊಂದಿಸುವುದು ಸುಲಭದ ಮಾತಲ್ಲ.

ಇನ್ನೊಂದು ತೊಡಕು ಫಿಲ್ಮಿನ ಗುಣದಲ್ಲಿಯೇ ಇತ್ತು. ಆ ಕಾಲದ ಫಿಲ್ಮನ್ನು ನೈಟ್ರೇಟ್ ಎಂಬ ಪದಾರ್ಥದಿಂದ ಮಾಡುತ್ತಿದ್ದರು. ಅದಕ್ಕೆ ಬೆಂಕಿ ಬಲುಬೇಗ ಹತ್ತುತ್ತದೆ. ಹತ್ತಿದ ಬೆಂಕಿ ನೀರಿಗೂ ಜಗ್ಗುವುದಿಲ್ಲ. ಬೆಂಕಿಯಿಂದ ಪಾರಾದರೂ ಸೆಕೆಯಿಂದ ಪಾರಾಗುವುದು ಕಷ್ಟ. ಬಿಸಿಯಾದ, ತೇವದ ಹವೆಯಲ್ಲಿ ಅದು ಅಂಟಂಟಾಗಿ ಕೊನೆಗೆ ಪುಡಿಯಾಗುತ್ತದೆ. ಮೇಲಾಗಿ ಫಿಲ್ಮಿನಲ್ಲಿ ಬೆಳ್ಳಿಯ ಅಂಶವಿರುತ್ತದೆ. ಪ್ರದರ್ಶನ ಮುಗಿದ ಫಿಲ್ಮುಗಳನ್ನು ಬೆಳ್ಳಿಯ ಆಸೆಗಾಗಿ ಕರಗಿಸಿ ಮಾರುವ ಪದ್ಧತಿಯೂ ಇತ್ತು. ವಾರ್ತಾಚಿತ್ರಗಳಂತೂ ದಿನಪತ್ರಿಕೆಯಂತೆ, ವಾರ ಕಳೆದರೆ ಅವುಗಳನ್ನು ಕೇಳುವವರಿರಲಿಲ್ಲ. ಹೀಗಿರುವಾಗ ಹತ್ತು ಇಪ್ಪತ್ತು ವರ್ಷಗಳ ಹಿಂದೆ ತೆಗೆದ ಒಂದೆರಡು ನಿಮಿಷದ ಚಿತ್ರ ಎಲ್ಲಿದೆಯೆಂದು ಹುಡುಕುವುದು ಬಣವೆಯಲ್ಲಿ ಸೂಜಿ ಹುಡುಕಿದಂತೆಯೇ ಸರಿ.

ರಾಜಕೀಯದ ಅಡ್ಡಿಯೂ ಇಲ್ಲದಿರಲಿಲ್ಲ. 1930ರಲ್ಲಿ ಗಾಂಧೀಜಿಯವರು ಉಪ್ಪಿನ ಸತ್ಯಾಗ್ರಹಕ್ಕಾಗಿ ದಂಡಿಗೆ ನಡೆದಾಗ ಭಾರತೀಯ ಛಾಯಾಗ್ರಾಹಕರು ಆ ಯಾತ್ರೆಯನ್ನು ಚಿತ್ರೀಕರಿಸಿದ್ದರು. ಬ್ರಿಟಿಷ್ ಸರಕಾರವು ಅಂಥ ಚಿತ್ರಗಳ ಪ್ರದರ್ಶನವನ್ನು ನಿಷೇಧಿಸಿತು. ಗಾಂಧೀಜಿಯ ಭಾವಚಿತ್ರಕ್ಕಿಂತ ನಡೆದಾಡುವ ಗಾಂಧೀಜಿಯ ಚಿತ್ರಕ್ಕೆ ಸರಕಾರ ಹೆಚ್ಚು ಅಂಜಿತು. ನಿಷೇಧಕ್ಕೊಳಗಾದ ಚಿತ್ರವನ್ನು ಜೋಪಾನ ಮಾಡುವವರು ಯಾರು? ಅದು ಮೂಲೆ ಸೇರಿ ಹಾಳಾಗುವ ಸಂಭವವೇ ಹೆಚ್ಚು.

ಇದೆಲ್ಲವನ್ನೂ ಅರಿತೇ ಚೆಟ್ಟಿಯಾರರು ಕೆಲಸಕ್ಕೆ ಕೈಹಾಕಿದರು. ಮದರಾಸಿನಲ್ಲಿ ಸಾಕ್ಷ್ಯಚಿತ್ರ ತಯಾರಿಕೆಗೆಂದೇ ಒಂದು ಸಂಸ್ಥೆಯನ್ನು ಸ್ಥಾಪಿಸಿದರು. ಬಳಿಕ ಮೂರು ವರ್ಷಗಳಿಗೆ ತುಸು ಕಡಿಮೆಯಾದ ಅವಧಿಯಲ್ಲಿ ಅವರು ಸುಮಾರು ಒಂದು ಲಕ್ಷ ಮೈಲಿಗಳಷ್ಟು ಸಂಚರಿಸಿದರು. ಆ ಕಾಲದಲ್ಲಿ ಸಾಮಾನ್ಯರ ದೂರಪ್ರಯಾಣವೆಂದರೆ ಹಡಗು ಮತ್ತು ರೈಲುಗಳೇ ಗತಿ. ಒಂದು ಖಂಡದಿಂದ ಇನ್ನೊಂದು ಖಂಡಕ್ಕೆ ಹೋಗಲು ವಾರಗಳೇ ಹಿಡಿಯುತ್ತಿದ್ದುವು. ಭಾರತದ ನಗರಗಳಲ್ಲದೆ ಯುರೋಪು, ಅಮೆರಿಕೆಗಳಲ್ಲಿಯೂ ಅವರ ಹುಡುಕಾಟ ನಡೆಯಿತು. ಗಾಂಧೀಜಿಯವರು ಬ್ಯಾರಿಸ್ಟರರಾಗಿ ಇಪ್ಪತ್ತು ವರ್ಷಗಳಷ್ಟು ಕಾಲ ಕಳೆದ ದಕ್ಷಿಣ ಆಫ್ರಿಕೆಗೂ ಅವರು ಹೋಗಿ ಬಂದರು. ಸತ್ಯಾಗ್ರಹದ ಮೊದಲ ಬೀಜ ಬಿದ್ದ ಆ ನೆಲವನ್ನು ಕಾಣದೆ ಗಾಂಧೀಜಿಯ ಕಥೆ ಪೂರ್ಣವಾಗಲಾರದೆಂದು ಅವರು ಬಲ್ಲರು.

ಹುಡುಕುವವನಿಗೆ ಮೊದಲು ಬೇಕಾದುದು ತಿಳಿವಳಿಕೆ. ಗಾಂಧೀಜಿಯವರು ಯಾವ ತಾರೀಖಿನಂದು ಯಾವ ಊರಿನಲ್ಲಿದ್ದರು, ಆ ದಿನ ಅಲ್ಲಿ ಕ್ಯಾಮೆರಾ ಹಿಡಿದವರು ಯಾರು, ಅವರು ಯಾವ ಸಂಸ್ಥೆಗಾಗಿ ದುಡಿಯುತ್ತಿದ್ದರು, ಆ ಸಂಸ್ಥೆ ಹಳೆಯ ಫಿಲ್ಮುಗಳನ್ನು ಎಲ್ಲಿ ಇಡುತ್ತದೆ ಎಂಬುದನ್ನೆಲ್ಲ ಒಂದೊಂದಾಗಿ ತಿಳಿಯಬೇಕು. ಉದಾಹರಣೆಗೆ, 1931ರಲ್ಲಿ ಗಾಂಧೀಜಿಯವರು ದುಂಡುಮೇಜಿನ ಪರಿಷತ್ತಿಗೆಂದು ಲಂಡನ್ನಿಗೆ ಹೋಗಿದ್ದರು. ಲ್ಯಾಂಕಾಶೈರಿನ ಬಟ್ಟೆ ಗಿರಣಿಗಳ ಕಾರ್ಮಿಕರನ್ನೂ ಭೇಟಿಯಾಗಿದ್ದರು. ಆಗ ವಾರ್ತಾಚಿತ್ರದ ಕಂಪನಿಗಳವರು ಮೊಣಕಾಲು ಮುಚ್ಚುವ ಪಂಚೆಯುಟ್ಟ ಆ ವ್ಯಕ್ತಿಯನ್ನು ಮುಗಿಬಿದ್ದು ಚಿತ್ರೀಕರಿಸಿದ್ದರು. ಆದರೆ ಅವರಿಗೆ ಅದು ಒಂದು ವಾರದ ಸುದ್ದಿ. ಚೆಟ್ಟಿಯಾರರಿಗೆ ಅದು ಒಂದು ದೇಶದ ಇತಿಹಾಸ. ಸುದ್ದಿಯೆಂದು ತೆಗೆದುದನ್ನು ಇತಿಹಾಸವೆಂದು ಕಾಣುವ ದೃಷ್ಟಿಯೇ ಸಂಗ್ರಾಹಕನ ದೃಷ್ಟಿ.

ಹೀಗೆ ಅವರು ಕೂಡಿಸಿದ ಫಿಲ್ಮಿನ ಒಟ್ಟು ಉದ್ದ ಸುಮಾರು 50,000 ಅಡಿಗಳು. ಅದನ್ನು ಸುಮಾರು ಮೂವತ್ತು ವರ್ಷಗಳ ಅವಧಿಯಲ್ಲಿ ನೂರರಷ್ಟು ಮಂದಿ ಛಾಯಾಗ್ರಾಹಕರು ತೆಗೆದಿದ್ದರು. ಅಡಿಗೆ 16ರಂತೆ ಲೆಕ್ಕ ಹಾಕಿದರೆ ಎಂಟು ಲಕ್ಷ ಚಿತ್ರಗಳಾಗುತ್ತವೆ. ವಾಕ್ಚಿತ್ರದ ವೇಗದಲ್ಲಿ ಅದನ್ನೆಲ್ಲ ನೋಡಲು ಒಂಬತ್ತು ಗಂಟೆಗಳಿಗೂ ಮಿಕ್ಕಿದ ಸಮಯ ಬೇಕು. ಅದರಲ್ಲಿ ಮಸುಕಾದುದನ್ನು, ಒಂದೇ ಸಂಗತಿ ಮತ್ತೆ ಮತ್ತೆ ಬರುವುದನ್ನು ಬೇರ್ಪಡಿಸಿ, ಕಾಲಾನುಕ್ರಮವಾಗಿ ಹೊಂದಿಸಿ, ಕೊನೆಗೆ ಸುಮಾರು 12,000 ಅಡಿಗಳ ಚಿತ್ರವನ್ನು ಸಿದ್ಧಪಡಿಸಲಾಯಿತು. ಎಂದರೆ ಕೂಡಿಸಿದುದರಲ್ಲಿ ಕಾಲುಭಾಗಕ್ಕಿಂತಲೂ ಕಡಿಮೆ. ಕೂಡಿಸುವುದಕ್ಕೆ ಎಷ್ಟು ಶ್ರಮ ಬೇಕೋ, ಬಿಡುವುದಕ್ಕೂ ಅಷ್ಟೇ ವಿವೇಕ ಬೇಕು.

ಇತ್ತ ಚಿತ್ರ ರೂಪುಗೊಳ್ಳುತ್ತಿರುವಾಗಲೇ ಅತ್ತ 1939ರ ಸೆಪ್ಟೆಂಬರಿನಲ್ಲಿ ಎರಡನೆಯ ಮಹಾಯುದ್ಧ ಆರಂಭವಾಯಿತು. ಮದರಾಸಿನ ಕಾಂಗ್ರೆಸ್ ಮಂತ್ರಿಮಂಡಲವು ಅದೇ ವರ್ಷ ರಾಜೀನಾಮೆ ಕೊಟ್ಟಿತು. ಆಡಳಿತದ ಬಿಗಿ ಹೆಚ್ಚಿತು. ಅಂಥ ಸಂದರ್ಭದಲ್ಲಿ ಗಾಂಧೀಜಿಯ ಜೀವನವನ್ನು ಬೆಳ್ಳಿತೆರೆಯ ಮೇಲೆ ತೋರಿಸುವುದಕ್ಕೆ ಎದೆಗಾರಿಕೆ ಬೇಕಿತ್ತು. ಆದರೂ 1940ರ ಆಗಸ್ಟ್ 23ರಂದು ತಮಿಳು ವಿವರಣೆಯೊಡನೆ ಆ ಚಿತ್ರ ಮದರಾಸಿನಲ್ಲಿ ಬಿಡುಗಡೆಯಾಯಿತು. ಬಳಿಕ ತೆಲುಗು ವಿವರಣೆಯ ಆವೃತ್ತಿಯೂ, ಮುಂದೆ ಹಿಂದಿಯ ಆವೃತ್ತಿಯೂ ಸಿದ್ಧವಾದುವು. ಗಾಂಧೀಜಿಯವರನ್ನು ಹತ್ತಿರದಿಂದ ನೋಡುವ ಅವಕಾಶವಿಲ್ಲದ ಸಾಮಾನ್ಯ ಜನರು ಟಿಕೆಟ್ಟು ಕೊಂಡು ಚಿತ್ರಮಂದಿರದ ಕತ್ತಲೆಯಲ್ಲಿ ಕುಳಿತು ಅವರ ನಡಿಗೆಯನ್ನು ಕಂಡರು. ಸ್ವಾತಂತ್ರ್ಯಾನಂತರ, 1953ರಲ್ಲಿ, ಅದರ ಇಂಗ್ಲಿಷ್ ಆವೃತ್ತಿ ಅಮೆರಿಕೆಯಲ್ಲಿ ಬಿಡುಗಡೆಯಾಯಿತು.

ಇಷ್ಟು ದೊಡ್ಡ ಕಾರ್ಯವನ್ನು ಮಾಡಿದ ಚೆಟ್ಟಿಯಾರರು ಅದರ ಕೀರ್ತಿಯನ್ನು ನೆಚ್ಚಿ ಕುಳಿತವರಲ್ಲ. 1940ರ ದಶಕದಲ್ಲಿ ಅವರು ಕುಮರಿ ಮಲರ್ ಎಂಬ ತಮಿಳು ಪತ್ರಿಕೆಯನ್ನು ಆರಂಭಿಸಿದರು. ಸಿನಿಮಾದಲ್ಲಿ ಮಾಡಿದ ಕೆಲಸವನ್ನೇ ಅಲ್ಲಿ ಅವರು ಕಾಗದದಲ್ಲಿ ಮುಂದುವರಿಸಿದರು. ಹಳೆಯ ಪತ್ರಿಕೆಗಳ ಕಡತಗಳನ್ನು ಶೋಧಿಸಿ, ಮರೆತುಹೋದ ಲೇಖನಗಳನ್ನು, ಪ್ರವಾಸಕಥನಗಳನ್ನು, ಹಿರಿಯರ ನೆನಪುಗಳನ್ನು ಆಯ್ದು ಮರಳಿ ಅಚ್ಚು ಮಾಡಿದರು. ಕವಿ ಸುಬ್ರಹ್ಮಣ್ಯ ಭಾರತಿಯವರಿಗೆ ಸಂಬಂಧಿಸಿದ ಎಷ್ಟೋ ಸಂಗತಿಗಳು ಆ ಪತ್ರಿಕೆಯಲ್ಲಿ ಬೆಳಕು ಕಂಡುವು. ಗಾಂಧಿ ಚಿತ್ರವನ್ನು ತಯಾರಿಸಿದ ಕಥೆಯನ್ನೂ ಅವರು ಅದರಲ್ಲಿಯೇ ಬರೆದರು. ಪ್ರವಾಸವನ್ನು ಮಾತ್ರ ಬಿಡಲಿಲ್ಲ. ನಮ್ಮ ಕೊಡಗಿನ ಬೆಟ್ಟಗಳನ್ನೂ ಸುತ್ತಿ, ಆ ನಾಡನ್ನು ಕುರಿತು ತಮಿಳಿನಲ್ಲಿ ಒಂದು ಪುಸ್ತಕವನ್ನು ಬರೆದರು. ಇಷ್ಟಾದರೂ ತಮ್ಮ ಬರಹಗಳಲ್ಲಿ ಅವರು ತಮ್ಮನ್ನು ಕುರಿತು ಹೇಳಿಕೊಂಡುದು ಅತಿ ಸ್ವಲ್ಪ. 1983ರ ಸೆಪ್ಟೆಂಬರ್ 10ರಂದು ಅವರು ಕಾಲವಾದರು.

ಲೋಕದಲ್ಲಿ ಚದುರಿಹೋದ ಚಿತ್ರಗಳನ್ನು ಕೂಡಿಸಿದ ಈ ಮಹನೀಯರ ಚಿತ್ರವೇ ಮುಂದೆ ಕಣ್ಮರೆಯಾಯಿತು. ವರ್ಷಗಳು ಉರುಳಿದಂತೆ ತಮಿಳು, ತೆಲುಗು ಆವೃತ್ತಿಗಳ ಪ್ರತಿಗಳು ಎಲ್ಲಿ ಹೋದುವೆಂಬುದು ತಿಳಿಯದಾಯಿತು. ಒಂದು ಲಕ್ಷ ಮೈಲಿ ನಡೆದು ತಂದುದನ್ನು ಇಡಲು ಆಗ ನಮ್ಮ ದೇಶದಲ್ಲಿ ಒಂದು ತಂಪಾದ ಕೋಣೆ ಇರಲಿಲ್ಲ. ಚಲನಚಿತ್ರಗಳನ್ನು ಕಾಪಾಡುವುದಕ್ಕಾಗಿ ಭಾರತ ಸರಕಾರ ಪುಣೆಯಲ್ಲಿ ರಾಷ್ಟ್ರೀಯ ಚಲನಚಿತ್ರ ಸಂಗ್ರಹಾಲಯವನ್ನು ಸ್ಥಾಪಿಸಿದುದು 1964ರಲ್ಲಿ. ಎಂದರೆ ಗಾಂಧಿ ಚಿತ್ರ ತೆರೆಕಂಡ ಇಪ್ಪತ್ತನಾಲ್ಕು ವರ್ಷಗಳ ಮೇಲೆ. ಅಷ್ಟರಲ್ಲಿ ಎಷ್ಟೋ ಚಿತ್ರಗಳು ನಾಶವಾಗಿದ್ದುವು. 1931ರಲ್ಲಿ ತೆರೆಕಂಡ ಭಾರತದ ಮೊದಲ ವಾಕ್ಚಿತ್ರ ಆಲಂ ಆರಾ ಇಂದು ಉಳಿದಿಲ್ಲ. 1934ರಲ್ಲಿ ತೆರೆಕಂಡ ಕನ್ನಡದ ಮೊದಲ ವಾಕ್ಚಿತ್ರ ಸತಿ ಸುಲೋಚನಾದ ಪ್ರತಿಯೂ ನಮಗೆ ದೊರೆಯದು.

ಆದರೂ ಚೆಟ್ಟಿಯಾರರ ಶ್ರಮ ಪೂರ್ತಿಯಾಗಿ ಮಣ್ಣುಪಾಲಾಗಲಿಲ್ಲ. ಅವರು ಪತ್ರಿಕೆಯಲ್ಲಿ ಬರೆದಿಟ್ಟ ಕಥೆ ಉಳಿದಿತ್ತು. ತಮಿಳುನಾಡಿನ ಇತಿಹಾಸಕಾರ ಎ. ಆರ್. ವೆಂಕಟಾಚಲಪತಿಯವರು ಆ ಬರಹಗಳನ್ನು ಒಟ್ಟುಗೂಡಿಸಿ ಪುಸ್ತಕವಾಗಿ ಪ್ರಕಟಿಸಿದರು. ಅಷ್ಟಕ್ಕೆ ನಿಲ್ಲದೆ ಚಿತ್ರವನ್ನೂ ಹುಡುಕತೊಡಗಿದರು. ಇಪ್ಪತ್ತೊಂದನೆಯ ಶತಮಾನದ ಮೊದಲ ದಶಕದಲ್ಲಿ ಅಮೆರಿಕೆಯ ಸ್ಯಾನ್ ಫ್ರಾನ್ಸಿಸ್ಕೋ ನಗರದ ವಿಶ್ವವಿದ್ಯಾಲಯವೊಂದರಲ್ಲಿ ಇಂಗ್ಲಿಷ್ ಆವೃತ್ತಿಯ ಸಂಕ್ಷಿಪ್ತ ರೂಪವೊಂದು ಇರುವುದು ಅವರ ಪ್ರಯತ್ನದಿಂದ ಬೆಳಕಿಗೆ ಬಂದಿತು. ಹುಡುಕಿದವರನ್ನು ಹುಡುಕಲು ಇನ್ನೊಬ್ಬರು ಬೇಕಾಯಿತು. ಊರಿನಲ್ಲಿದ್ದ ಪ್ರತಿಗಳು ಕಳೆದುಹೋದರೂ ದೂರಕ್ಕೆ ಹೋಗಿದ್ದ ಒಂದು ಪ್ರತಿ ಉಳಿದುಕೊಂಡಿತು.

ಈ ಜೀವನದಿಂದ ನಾವು ಕಲಿಯಬೇಕಾದ ಪಾಠ ಸ್ಪಷ್ಟವಾಗಿದೆ. ನೆನಪನ್ನು ಕೂಡಿಸಿದರೆ ಸಾಲದು, ಅದನ್ನು ಕಾಯಬೇಕು. ಕಾಯುವುದೆಂದರೆ ಒಂದೆಡೆ ಬೀಗ ಹಾಕಿ ಇಡುವುದಲ್ಲ. ಬೆಂಕಿ ಒಂದೇ ಮನೆಗೆ ಬೀಳಬಹುದು. 2003ರಲ್ಲಿ ಪುಣೆಯಲ್ಲಿ ಸಂಭವಿಸಿದ ಬೆಂಕಿಯ ಅನಾಹುತದಲ್ಲಿ ರಾಷ್ಟ್ರೀಯ ಸಂಗ್ರಹಾಲಯಕ್ಕೆ ಸೇರಿದ ಬಹುಸಂಖ್ಯೆಯ ನೈಟ್ರೇಟ್ ಫಿಲ್ಮುಗಳು ಸುಟ್ಟುಹೋದುವು. ಆದುದರಿಂದ ಬೆಲೆಯುಳ್ಳ ಚಿತ್ರದ ಪ್ರತಿಗಳು ಒಂದಕ್ಕಿಂತ ಹೆಚ್ಚು ಸ್ಥಳಗಳಲ್ಲಿರಬೇಕು. ಪ್ರತಿಯೊಂದರ ಜೊತೆಗೆ ಅದು ಯಾರ ಚಿತ್ರ, ಯಾವ ಊರಿನದು, ಯಾವ ದಿನದ್ದು, ತೆಗೆದವರು ಯಾರು ಎಂಬ ವಿವರ ಬರೆದಿರಬೇಕು. ಹೆಸರಿಲ್ಲದ ಚಿತ್ರ ಊರು ತಿಳಿಯದ ಕಾಗದದಂತೆ. ಅದು ಇದ್ದರೂ ಸೇರಬೇಕಾದಲ್ಲಿಗೆ ಸೇರದು.

ಇಂದು ಕ್ಯಾಮೆರಾ ಎಲ್ಲರ ಕೈಗೂ ಬಂದಿದೆ. ಕಿತ್ತೂರು ಉತ್ಸವದ ಮೆರವಣಿಗೆಯನ್ನು, ಸವದತ್ತಿಯ ಯಲ್ಲಮ್ಮನ ಜಾತ್ರೆಗೆ ಬರುವ ಚಕ್ಕಡಿಗಳ ಸಾಲನ್ನು, ಬೈಲಹೊಂಗಲದ ಸಂತೆಯನ್ನು, ರಾಮದುರ್ಗದ ನೇಕಾರರ ಮಗ್ಗವನ್ನು ಯಾರು ಬೇಕಾದರೂ ಮೊಬೈಲಿನಲ್ಲಿ ಸೆರೆಹಿಡಿಯಬಹುದು. ಚೆನ್ನಮ್ಮನ ಕಾಲದವರಿಗೆ ಇಲ್ಲದ ಸೌಲಭ್ಯ ನಮಗೆ ದೊರೆತಿದೆ. ಆದರೆ ತೆಗೆದ ಚಿತ್ರವನ್ನು ಮರುದಿನವೇ ಅಳಿಸುವ ಕೈಗಳಿಗೆ ಈ ಸೌಲಭ್ಯದಿಂದ ಪ್ರಯೋಜನವೇನು? ಊರಿನ ಹಿರಿಯರೊಬ್ಬರ ಮಾತನ್ನು, ಹಂತಿಯ ಹಾಡನ್ನು, ನಿಂತುಹೋಗುತ್ತಿರುವ ಒಂದು ಕಸುಬನ್ನು ಚಿತ್ರೀಕರಿಸಿ, ದಿನಾಂಕ ಮತ್ತು ಹೆಸರುಗಳನ್ನು ಬರೆದು, ಶಾಲೆಯಲ್ಲಿ ಒಂದು ಪ್ರತಿಯನ್ನೂ ಮನೆಯಲ್ಲಿ ಒಂದು ಪ್ರತಿಯನ್ನೂ ಇಟ್ಟ ಬಾಲಕ ಬಾಲಿಕೆಯರು ಎ. ಕೆ. ಚೆಟ್ಟಿಯಾರರ ದಾರಿಯಲ್ಲಿ ಒಂದು ಹೆಜ್ಜೆ ನಡೆದಂತಾಗುತ್ತದೆ. ಒಂದು ಲಕ್ಷ ಮೈಲಿಯ ಆ ಪಯಣವೂ ಒಂದು ಹೆಜ್ಜೆಯಿಂದಲೇ ಮೊದಲಾಗಿತ್ತು.